ಹಿಮ್ಮಡಿ ಹಿಡಿದು ಬಂದ ಹೆಸರು: ಯಾಕೋಬ

ಗದಗ ಕಡೆಯ ಒಂದು ಕುಟುಂಬದವರು ಕಳೆದ ತಿಂಗಳು ನನಗೆ ಫೋನ್ ಮಾಡಿದ್ದರು. ಮನೆಗೆ ಗಂಡು ಮಗು ಬಂದಿದೆ, ಅದಕ್ಕೆ ಮುತ್ತಜ್ಜ ಯಾಕೋಬಪ್ಪನವರ ಹೆಸರನ್ನು ಈ ಕಾಲಕ್ಕೆ ಹೊಂದುವಂತೆ ಸ್ವಲ್ಪ ಮೊಟಕುಗೊಳಿಸಿ ಇಡಬೇಕೆಂಬುದು ಹಿರಿಯರ ಆಸೆ. ಆದರೆ ಮಗುವಿನ ತಂದೆ ಮೊಬೈಲಿನಲ್ಲಿ ಹೆಸರಿನ ಅರ್ಥ ಹುಡುಕಿದಾಗ ‘ಮೋಸಗಾರ’, ‘ಇನ್ನೊಬ್ಬರ ಸ್ಥಾನ ಕಸಿದುಕೊಳ್ಳುವವನು’ ಎಂದು ಕಾಣಿಸಿಕೊಂಡಿದೆ. “ದೇವರ ಪುಸ್ತಕದಾಗಿನ ಹೆಸರು ಖರೇರಿ ಸರ್, ಆದರ ಇಂಥಾ ಅರ್ಥ ಇದ್ದರ ಕೂಸಿಗೆ ಹೆಂಗ ಇಡೂದು?” ಎಂದು ಅವರು ಕೇಳಿದ ಧ್ವನಿಯಲ್ಲಿ ನಿಜವಾದ ಆತಂಕವಿತ್ತು. ಅನುವಾದ ಮತ್ತು ಗ್ರಂಥಸಂಪಾದನೆಯ ಕೆಲಸದಲ್ಲಿ ಈ ಹೆಸರು ಹಲವು ವೇಷಗಳಲ್ಲಿ ನನ್ನ ಮೇಜಿನ ಮೇಲೆ ಹಾದುಹೋಗಿದೆ. ಅವರಿಗೆ ಫೋನಿನಲ್ಲಿ ತುಂಡುತುಂಡಾಗಿ ಹೇಳಿದ್ದನ್ನು ಇಲ್ಲಿ ಪೂರ್ತಿಯಾಗಿ ಹೇಳುತ್ತೇನೆ.

ಹೀಬ್ರೂ ಭಾಷೆಯಲ್ಲಿ ಈ ಹೆಸರಿಗೆ ನಾಲ್ಕೇ ಅಕ್ಷರ. ಬಲದಿಂದ ಎಡಕ್ಕೆ ಯೋದ್, ಅಯಿನ್, ಕೋಫ್, ಬೇತ್. ಎರಡನೆಯದಾದ ಅಯಿನ್ ಗಂಟಲಿನ ಆಳದಿಂದ ಹೊರಡುವ ವ್ಯಂಜನವಾಗಿದ್ದು ಅದಕ್ಕೆ ಸಮನಾದ ಅಕ್ಷರ ಕನ್ನಡದಲ್ಲಿಲ್ಲ. ಸ್ವರದ ನಂತರ ಬಂದಿರುವ ಕೊನೆಯ ಬೇತ್ ‘ವ್’ ಎಂದು ಮೆದುವಾಗುತ್ತದೆ. ಹೀಗಾಗಿ ಇಂದಿನ ಇಸ್ರೇಲಿನಲ್ಲಿ ಕೇಳಿಸುವ ಉಚ್ಚಾರಣೆಯನ್ನು ‘ಯಅಕೋವ್’ ಎಂದು ಹೆಚ್ಚುಕಡಿಮೆ ಹಿಡಿಯಬಹುದು. ಮೊದಲ ‘ಯ’ ಹೆಸರಿನ ಮೂಲಕ್ಕೆ ಸೇರಿದ್ದಲ್ಲ, ಅದು ಪ್ರಥಮಪುರುಷ ಪುಲ್ಲಿಂಗ ಕ್ರಿಯಾಪದದ ಗುರುತು. ಇಸಾಕ ಎಂದು ನಾವು ಬರೆಯುವ ಹೆಸರು ಹೀಬ್ರೂವಿನಲ್ಲಿ ‘ಅವನು ನಗುತ್ತಾನೆ’ ಎಂಬ ಇಡೀ ವಾಕ್ಯ. ಯೋಸೇಫ ಎಂಬುದು ‘ಅವನು ಇನ್ನೂ ಕೂಡಿಸಲಿ’ ಎಂಬ ಹಾರೈಕೆ. ಯಾಕೋಬ ಎಂಬುದೂ ಇದೇ ಜಾತಿಯ, ಕ್ರಿಯಾಪದವೇ ಹೆಸರಾಗಿ ನಿಂತ ಹೆಸರು. ‘ಯ’ವನ್ನು ಬಿಡಿಸಿದರೆ ಉಳಿಯುವ ಮೂರು ವ್ಯಂಜನಗಳ ಧಾತುವಿನಿಂದಲೇ ‘ಅಕೇವ್’ ಎಂಬ ನಾಮಪದ ಬಂದಿದೆ. ಅದರ ಅರ್ಥ ಹಿಮ್ಮಡಿ.

ಬೈಬಲಿನ ಮೊದಲ ಪುಸ್ತಕವಾದ ಆದಿಕಾಂಡದ 25ನೇ ಅಧ್ಯಾಯದ ಕತೆ ಈ ಹಿಮ್ಮಡಿಯಿಂದಲೇ ಶುರುವಾಗುತ್ತದೆ. ಇಸಾಕನ ಹೆಂಡತಿ ರೆಬೆಕ್ಕಳಿಗೆ ಅವಳಿ ಮಕ್ಕಳು. ಮೊದಲು ಕೆಂಪು ಮೈಬಣ್ಣದ, ಮೈತುಂಬ ರೋಮವಿದ್ದ ಏಸಾವ ಹೊರಬರುತ್ತಾನೆ. ಅವನ ಹಿಮ್ಮಡಿಯನ್ನು ಕೈಯಲ್ಲಿ ಹಿಡಿದುಕೊಂಡೇ ತಮ್ಮ ಬರುತ್ತಾನೆ, ಅದಕ್ಕಾಗಿ ತಮ್ಮನಿಗೆ ಯಾಕೋಬ ಎಂದು ಹೆಸರಾಗುತ್ತದೆ. ಮುಂದೆ ಹಸಿದು ಬಂದ ಅಣ್ಣನಿಗೆ ಕೆಂಪು ಬೇಳೆಯ ಅಡುಗೆ ಬಡಿಸಿ ಚೊಚ್ಚಲತನದ ಹಕ್ಕನ್ನು ಬರೆಸಿಕೊಂಡಂತೆ ಪಡೆಯುವುದು, ಆಮೇಲೆ ಕಣ್ಣು ಮಂಜಾದ ತಂದೆಯಿಂದ ಅಣ್ಣನಿಗೆ ಸಲ್ಲಬೇಕಾದ ಆಶೀರ್ವಾದವನ್ನೂ ಪಡೆಯುವುದು ಬಹಳ ಓದುಗರಿಗೆ ಗೊತ್ತಿರುವ ಸಂಗತಿ. ಆಶೀರ್ವಾದ ಕೈತಪ್ಪಿದಾಗ ಏಸಾವ ಅಳುತ್ತ ಆಡುವ ಮಾತು 27ನೇ ಅಧ್ಯಾಯದಲ್ಲಿದೆ. ಅವನಿಗೆ ಯಾಕೋಬ ಎಂದು ಹೆಸರಿಟ್ಟದ್ದು ಸರಿಯಾಗಿಯೇ ಇದೆ, ಎರಡು ಸಲ ನನ್ನನ್ನು ವಂಚಿಸಿದ್ದಾನೆ ಎಂಬುದು ಆ ಮಾತಿನ ತಾತ್ಪರ್ಯ. ಮೂಲದಲ್ಲಿ ‘ವಂಚಿಸಿದ್ದಾನೆ’ ಎಂಬಲ್ಲಿ ಹಿಮ್ಮಡಿಯ ಧಾತುವೇ ಕ್ರಿಯಾಪದವಾಗಿ ಬರುತ್ತದೆ. ಅದೇ ಮಾತಿನಲ್ಲಿ ಚೊಚ್ಚಲತನಕ್ಕೆ ‘ಬೆಖೋರಾ’, ಆಶೀರ್ವಾದಕ್ಕೆ ‘ಬೆರಾಖಾ’ ಎಂಬ ಪದಗಳು ಒಂದಕ್ಕೊಂದು ತಾಳ ಹಾಕುತ್ತವೆ. ಅನುವಾದಕನೊಬ್ಬ ಕೈಚೆಲ್ಲಿ ಕೂರಬೇಕಾದ ಜಾಗವಿದು. ಆದರೆ ಕನ್ನಡದಲ್ಲಿ ಈ ಅರ್ಥಸಂಬಂಧ ಅಪರಿಚಿತವಲ್ಲ. ಮುಂದೆ ಹೋಗುತ್ತಿರುವವನನ್ನು ತಡೆದು ಕೆಡವುವುದಕ್ಕೆ ನಾವು ಕಾಲೆಳೆಯುವುದು ಎನ್ನುತ್ತೇವಲ್ಲ, ಹೀಬ್ರೂವಿನವರು ಹಿಮ್ಮಡಿಯಿಂದ ಹೊರಟು ಅಲ್ಲಿಗೇ ತಲುಪಿದ್ದಾರೆ. ಅದೇ ಧಾತುವಿನ ‘ಎಕೆವ್’ ಎಂಬ ಮಾತಿಗೆ ‘ಅದರ ಫಲವಾಗಿ’ ಎಂಬ ಅರ್ಥವೂ ಇದೆ. ಒಂದು ಘಟನೆಯ ಹಿಂದೆಯೇ ಬರುವುದನ್ನು ನಾವು ಬೆನ್ನಿನಿಂದ ಅಳೆದು ‘ಬೆನ್ನಲ್ಲೇ’ ಎಂದರೆ, ಅವರು ಹಿಮ್ಮಡಿಯಿಂದ ಅಳೆದರು.

ಮೊಬೈಲಿನಲ್ಲಿ ಸಿಕ್ಕ ‘ಮೋಸಗಾರ’ ಎಂಬ ಅರ್ಥದ ಊರು ಇದೇ. ಅದು ನಿಘಂಟಿನ ಅರ್ಥವಲ್ಲ, ಎಲ್ಲವನ್ನೂ ಕಳೆದುಕೊಂಡ ಅಣ್ಣನೊಬ್ಬ ಕಣ್ಣೀರಿನಲ್ಲಿ ಕಟ್ಟಿದ ಶ್ಲೇಷೆ. ಹೆಸರಿನ ಪಟ್ಟಿಗಳನ್ನು ಮಾಡುವವರು ಆ ಶ್ಲೇಷೆಯನ್ನು ಕತೆಯಿಂದ ಕಿತ್ತು, ಹೆಸರಿನ ಮುಂದೆ ಒಂದೇ ಪದವಾಗಿ ಬರೆದಿಡುವುದು ನನಗೆ ನೋವಿನ ಸಂಗತಿ, ಏಕೆಂದರೆ ಅದನ್ನು ಓದಿ ಒಂದು ಮನೆಯವರು ತಮ್ಮ ಹಿರಿಯನ ಹೆಸರನ್ನೇ ಸಂಶಯದಿಂದ ನೋಡುವಂತಾಗುತ್ತದೆ.

ಹೆಸರು ಕತೆಗಿಂತ ಹಳೆಯದು ಎಂಬುದಕ್ಕೂ ಆಧಾರಗಳಿವೆ. ಮೆಸೊಪೊಟೇಮಿಯಾದ ಮಣ್ಣಿನ ಹಲಗೆಗಳಲ್ಲಿ ಅಮೋರಿಯ ಜನರ ಹೆಸರುಗಳ ನಡುವೆ ‘ಯಾಕೂಬ್-ಇಲ’ದಂತಹ ರೂಪಗಳು ದೊರೆತಿವೆ. ಈಜಿಪ್ಟನ್ನು ಆಳಿದ ಹಿಕ್ಸೋಸರ ಕಾಲದ, ಜೀರುಂಡೆಯಾಕಾರದ ಮುದ್ರೆಗಳಲ್ಲಿ ‘ಯಾಕೂಬ್-ಹರ್’ ಎಂಬ ಅರಸನ ಹೆಸರಿದೆ. ಕ್ರಿಸ್ತಪೂರ್ವ 15ನೇ ಶತಮಾನದ ಈಜಿಪ್ಟಿನ ಅರಸ ಮೂರನೇ ಥುಟ್ಮೋಸ್ ಕಾರ್ನಾಕ್ ದೇವಾಲಯದಲ್ಲಿ ಕೆತ್ತಿಸಿದ, ತಾನು ಗೆದ್ದ ಊರುಗಳ ಪಟ್ಟಿಯಲ್ಲಿ ‘ಯಾಕೋಬ್-ಏಲ್’ ಎಂದು ಓದಬಹುದಾದ ಊರೊಂದು ಬರುತ್ತದೆ. ‘ಏಲ್’, ‘ಇಲ’ ಎಂದರೆ ದೇವರು. ಆದ್ದರಿಂದ ಯಾಕೋಬ ಎಂಬುದು ಇಂಥ ದೀರ್ಘ ಹೆಸರೊಂದರ ಹ್ರಸ್ವರೂಪವಾಗಿರಬೇಕೆಂದು ಅನೇಕ ವಿದ್ವಾಂಸರು ತಿಳಿಯುತ್ತಾರೆ. ನಮ್ಮ ವೆಂಕಟೇಶ ಮನೆಯಲ್ಲಿ ವೆಂಕ ಆಗುವಂತೆ. ಆ ದೀರ್ಘ ಹೆಸರಿನಲ್ಲಿ ಧಾತುವಿನ ಅರ್ಥವಾದರೂ ಏನು? ಹೀಬ್ರೂವಿನ ಬಳಗಕ್ಕೇ ಸೇರಿದ ಇಥಿಯೋಪಿಯಾದ ಪ್ರಾಚೀನ ಗೀಝ್ ಭಾಷೆಯಲ್ಲಿ ಇದೇ ಮೂರು ವ್ಯಂಜನಗಳ ಕ್ರಿಯಾಪದಕ್ಕೆ ‘ಕಾಯು, ಕಾಪಾಡು’ ಎಂಬ ಅರ್ಥ. ಅದರ ಬಲದ ಮೇಲೆ ಇಡೀ ಹೆಸರನ್ನು ‘ದೇವರು ಕಾಯಲಿ’ ಎಂದು ವಿವರಿಸಲಾಗುತ್ತದೆ. ಮಗುವಿಗೆ ಹೆಸರಿಡುವ ತಾಯಿತಂದೆಯರ ಮನಸ್ಸನ್ನು ಬಲ್ಲವರಿಗೆ ಈ ವಿವರಣೆ ಸಹಜವಾಗಿಯೇ ಕಾಣುತ್ತದೆ, ನನಗೂ ಇದೇ ಹೆಚ್ಚು ಒಪ್ಪಿಗೆಯಾಗುತ್ತದೆ.

ಹೆಸರು ಕೆಟ್ಟದ್ದೆಂದು ಯೆಹೂದಿಗಳಾದರೂ ತಿಳಿದಿದ್ದರೆ ಇಷ್ಟು ಶತಮಾನ ಅದನ್ನು ಇಟ್ಟುಕೊಂಡು ಬರುತ್ತಿರಲಿಲ್ಲ. ಬೈಬಲಿನ ಕತೆಯಲ್ಲಿ ಮುಂದೆ ಯಬ್ಬೋಕ್ ಹೊಳೆಯ ದಡದಲ್ಲಿ ರಾತ್ರಿಯಿಡೀ ಹೋರಾಡಿದ ಯಾಕೋಬನಿಗೆ ಇಸ್ರಾಯೇಲ್ ಎಂಬ ಹೊಸ ಹೆಸರು ಸಿಗುತ್ತದೆ. ಇಲ್ಲೊಂದು ಸೂಕ್ಷ್ಮವಿದೆ. ಅಬ್ರಾಮ ಅಬ್ರಹಾಮನಾದ ಮೇಲೆ ಅವನ ಕತೆಯಲ್ಲಿ ಹಳೆಯ ಹೆಸರು ಮತ್ತೆ ಬರುವುದಿಲ್ಲ, ಯಾಕೋಬನಾದರೋ ಇಸ್ರಾಯೇಲನಾದ ಮೇಲೂ ಯಾಕೋಬನಾಗಿಯೇ ಉಳಿಯುತ್ತಾನೆ, ಎರಡು ಹೆಸರೂ ಅಕ್ಕಪಕ್ಕ ನಡೆಯುತ್ತವೆ. ಎರಡನೇ ಶತಮಾನದ ಯೆಹೂದಿ ಮಹಾಪಂಡಿತ ರಬ್ಬಿ ಅಕೀವನ ಹೆಸರು ಇದೇ ಧಾತುವಿನ ಅರಮೇಯಿಕ್ ರೂಪ. ಪೂರ್ವ ಯುರೋಪಿನ ಯೆಹೂದಿಗಳ ಆಡುಭಾಷೆಯಾದ ಯಿಡ್ಡಿಷ್ ಮಾತನಾಡುವ ಮನೆಗಳಲ್ಲಿ ಈ ಹೆಸರಿನ ಹುಡುಗ ಯಾಂಕೆಲ್ ಅಥವಾ ಕೊಪ್ಪೆಲ್ ಆಗುತ್ತಿದ್ದ. ಇಂದಿನ ಇಸ್ರೇಲಿನಲ್ಲಿ ಗೆಳೆಯರು ಅವನನ್ನು ಕೋಬಿ ಎನ್ನುತ್ತಾರೆ. ಯುರೋಪಿನ ಅಶ್ಕೆನಾಜಿ ಯೆಹೂದಿಗಳು ತೀರಿಕೊಂಡ ಹಿರಿಯರ ಹೆಸರನ್ನೇ ಮಗುವಿಗೆ ಇಡುತ್ತಾರೆ, ಸ್ಪೇನ್ ಮೂಲದ ಸೆಫಾರ್ದಿ ಯೆಹೂದಿಗಳು ಬದುಕಿರುವ ಅಜ್ಜನ ಹೆಸರನ್ನೂ ಇಡುತ್ತಾರೆ. ಗದಗದ ಆ ಹಿರಿಯರ ಆಸೆಯೂ ಇದರಿಂದ ದೂರದ್ದೇನಲ್ಲ.

ಹೀಬ್ರೂವಿನಿಂದ ಗ್ರೀಕಿಗೆ ದಾಟುವಾಗ ಹೆಸರು ಇಬ್ಭಾಗವಾಯಿತು. ಇಸಾಕನ ಮಗನಾದ ಪುರಾತನ ಪಿತೃವಿನ ಹೆಸರನ್ನು ಗ್ರೀಕರು ‘ಇಯಾಕೋಬ್’ ಎಂದು ಪರಕೀಯವಾಗಿಯೇ ಉಳಿಸಿಕೊಂಡರು, ಅದಕ್ಕೆ ವಿಭಕ್ತಿಪ್ರತ್ಯಯ ಹತ್ತುವುದಿಲ್ಲ. ಹೊಸ ಒಡಂಬಡಿಕೆಯ ಕಾಲದ, ಅಂದರೆ ಏಸುವಿನ ಕಾಲದ, ಮನುಷ್ಯರಿಗೆ ಅದೇ ಹೆಸರಿದ್ದಾಗ ಮಾತ್ರ ಬಾಲ ಸೇರಿಸಿ ‘ಇಯಾಕೋಬೋಸ್’ ಎಂದರು, ಅದು ಎಲ್ಲ ವಿಭಕ್ತಿಗಳಲ್ಲೂ ನಡೆಯುತ್ತದೆ. ಒಂದು ಹೆಸರು ಭಾಷೆಯೊಂದರ ಸ್ವಂತದ್ದಾಗುವುದು ಅದಕ್ಕೆ ಆ ಭಾಷೆಯ ವಿಭಕ್ತಿ ಹತ್ತಿದಾಗ ಎಂದು ನಾನು ನಂಬಿದ್ದೇನೆ. ಲ್ಯಾಟಿನ್ನಿನಲ್ಲಿ ‘ಇಯಾಕೋಬುಸ್’ ಆದದ್ದು ಜನರ ಬಾಯಲ್ಲಿ ‘ಇಯಾಕೋಮುಸ್’ ಎಂದೂ ಆಯಿತು. ಈ ‘ಮ’ಕಾರದ ಕವಲಿನಿಂದಲೇ ಇಂಗ್ಲಿಷಿನ ಜೇಮ್ಸ್, ಇಟಲಿಯ ಜಾಕೊಮೊ ಬಂದವು. ಫ್ರೆಂಚಿನ ಜಾಕ್ ಕೂಡ ಈ ಮನೆತನದವನೇ. ಸ್ಪೇನಿನಲ್ಲಿ ‘ಸಂತ ಯಾಕೋಬ’ ಎಂಬರ್ಥದ ಎರಡು ಪದ ಬೆಸೆದು ಸ್ಯಾಂಟಿಯಾಗೊ ಆಯಿತು. ಆ ಬೆಸುಗೆಯನ್ನು ಜನ ಬೇರೆ ಜಾಗದಲ್ಲಿ ಬಿಡಿಸಿದ್ದರಿಂದ ಪೋರ್ಚುಗಲ್ಲಿನಲ್ಲಿ ಟಿಯಾಗೊ ಹುಟ್ಟಿಕೊಂಡ. 2016ರಿಂದ ನಮ್ಮ ರಸ್ತೆಗಳಲ್ಲಿ ಓಡಾಡುತ್ತಿರುವ ಟಾಟಾ ಟಿಯಾಗೊ ಕಾರಿನ ಹಿಂಬದಿಯಲ್ಲಿ ಇರುವುದೂ ಇದೇ ರೂಪ.

ಇಂಗ್ಲಿಷ್ ಬೈಬಲಿನಲ್ಲಿ ಪಿತೃವು ಜೇಕಬ್, ಏಸುವಿನ ಶಿಷ್ಯ ಜೇಮ್ಸ್. ಇಂಗ್ಲಿಷಿನಲ್ಲಿ ಮಾತ್ರ ಓದಿದವರಿಗೆ ಇಬ್ಬರದೂ ಒಂದೇ ಹೆಸರೆಂದು ತಿಳಿಯುವುದೇ ಇಲ್ಲ. ಕನ್ನಡ ಬೈಬಲಿನಲ್ಲಾದರೋ ಇಸಾಕನ ಮಗನೂ ಯಾಕೋಬ, ಜೆಬೆದಾಯನ ಮಗನೂ ಯಾಕೋಬ, ಹೊಸ ಒಡಂಬಡಿಕೆಯಲ್ಲಿನ ಪತ್ರವೊಂದನ್ನು ಬರೆದವನೂ ಯಾಕೋಬ. ಇಡೀ ಬೈಬಲ್ ಕನ್ನಡದಲ್ಲಿ ಮೊದಲು ಅಚ್ಚಾದದ್ದು 1831ರಲ್ಲಿ, ಬಳ್ಳಾರಿಯಲ್ಲಿ. ಅಂದಿನಿಂದ ಬೆಳೆದು ಬಂದ ಅನುವಾದದ ಪರಂಪರೆ ಈ ಹೆಸರಿನ ಮಟ್ಟಿಗೆ ಇಂಗ್ಲಿಷಿಗಿಂತ ಮೂಲಕ್ಕೆ ಹತ್ತಿರವಿದೆ. ಗ್ರೀಕರು ಮಾಡಿದ ಭೇದವನ್ನೂ ಕನ್ನಡ ಮಾಡಲಿಲ್ಲ. ಕೊನೆಗೆ ಒಂದು ಅಕಾರ ಕೊಟ್ಟು ಯಾಕೋಬನು, ಯಾಕೋಬನನ್ನು, ಯಾಕೋಬನಿಗೆ ಎಂದು ಎಲ್ಲರನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸಿತು. ಮುಂದೆ ಅಪ್ಪ ಎಂಬುದು ಸೇರಿ ಯಾಕೋಬಪ್ಪ ಆದಾಗ, ಹೆಸರು ಬಸಪ್ಪ ಈರಪ್ಪರ ಓಣಿಯಲ್ಲೇ ಮನೆ ಕಟ್ಟಿಕೊಂಡಿತು.

ಈ ತಿಳಿವಳಿಕೆ ಇಲ್ಲದಿದ್ದರೆ ಏನಾಗುತ್ತದೆ ಎಂಬುದನ್ನು ನಾನು ಒಂದು ಕರಡಚ್ಚಿನಲ್ಲಿ ಕಂಡಿದ್ದೇನೆ. ಯುರೋಪಿನ ತೀರ್ಥಯಾತ್ರೆಗಳ ಕುರಿತ ಅನುವಾದವದು. ಒಂದು ಪುಟದಲ್ಲಿ ಸಂತ ಜೇಮ್ಸ್, ಇನ್ನೊಂದರಲ್ಲಿ ಅಪೊಸ್ತಲ ಯಾಕೋಬ, ಮುಂದಿನ ಅಧ್ಯಾಯದಲ್ಲಿ ‘ಸ್ಯಾಂಟಿಯಾಗೊ ಎಂಬ ಸಂತ’. ಕೊನೆಯ ಪದಸೂಚಿಯಲ್ಲಿ ಮೂವರೂ ಮೂರು ಅಕ್ಷರಗಳ ಕೆಳಗೆ ಮೂರು ಮಂದಿಯಾಗಿ ಕುಳಿತಿದ್ದರು. ಸ್ಪೇನಿನ ಗಲೀಷಿಯಾದಲ್ಲಿರುವ ಸ್ಯಾಂಟಿಯಾಗೊ ದೆ ಕಾಂಪೊಸ್ತೆಲಾಕ್ಕೆ ಜನ ನಡೆದುಹೋಗುವುದು ಆ ಒಬ್ಬನ ಸಮಾಧಿ ಅಲ್ಲಿದೆ ಎಂಬ ನಂಬಿಕೆಯಿಂದ ಎಂಬುದು ಓದುಗನಿಗೆ ತಿಳಿಯುವ ದಾರಿಯೇ ಮುಚ್ಚಿಹೋಗಿತ್ತು. ನಾವು ವ್ಯಕ್ತಿಯನ್ನು ಎಲ್ಲೆಡೆ ಯಾಕೋಬ ಎಂದು ಮಾಡಿ, ಊರಿನ ಹೆಸರನ್ನು ಹಾಗೆಯೇ ಉಳಿಸಿ, ಮೊದಲ ಸಲ ಬರುವಲ್ಲಿ ಎರಡರ ಸಂಬಂಧವನ್ನು ಅರ್ಧ ವಾಕ್ಯದಲ್ಲಿ ಹೇಳಿದೆವು. ಹಾಗೆಂದು ಇಂಗ್ಲೆಂಡಿನ ಅರಸನನ್ನು ಯಾಕೋಬ ಎನ್ನಲಾಗದು. 1603ರಲ್ಲಿ ಪಟ್ಟಕ್ಕೆ ಬಂದವನನ್ನು ಅವನ ಪ್ರಜೆಗಳು ಕರೆದದ್ದು ಜೇಮ್ಸ್ ಎಂದೇ. ಅವನ ನಾಣ್ಯಗಳ ಮೇಲಿನ ಲ್ಯಾಟಿನ್ ಬರಹದಲ್ಲಿ ಮಾತ್ರ ‘ಇಯಾಕೋಬುಸ್’ ಎಂದಿದೆ.

ಆ ಲ್ಯಾಟಿನ್ ರೂಪವನ್ನು ಮರೆಯಬಾರದು, ಏಕೆಂದರೆ ಚರಿತ್ರೆಯ ಪುಸ್ತಕಗಳಲ್ಲಿ ಅನುವಾದಕರು ಎಡವುವ ಪದಗಳೆಲ್ಲ ಅದರ ಸಂತಾನ. 1688ರಲ್ಲಿ ಸಿಂಹಾಸನ ಕಳೆದುಕೊಂಡ ಎರಡನೇ ಜೇಮ್ಸನ ಪಕ್ಷದವರು ಜಾಕೊಬೈಟರು. ಕೇರಳದಲ್ಲಿ ಜಾಕೊಬೈಟ್, ಯಾಕೋಬಾಯ ಎಂದು ಕರೆಸಿಕೊಳ್ಳುವ ಸುರಿಯಾನಿ ಕ್ರೈಸ್ತರಿಗೂ ಆ ಅರಸನಿಗೂ ಸಂಬಂಧವಿಲ್ಲ. ಅವರ ಹೆಸರು ಆರನೇ ಶತಮಾನದ ಬಿಷಪ್ ಯಾಕೋಬ್ ಬರದಾಯಿಯಿಂದ ಬಂದದ್ದು. ಮಲಯಾಳದ ಚಾಕೊ ಎಂಬ ಹೆಸರೂ ಯಾಕೋಬನೇ. ಇನ್ನು ಫ್ರಾನ್ಸಿನ ಕ್ರಾಂತಿಕಾರಿ ಜಾಕೊಬಿನ್ನರು. ಡೊಮಿನಿಕನ್ ಸನ್ಯಾಸಿಗಳ ಪ್ಯಾರಿಸ್ಸಿನ ಮೊದಲ ಮಠ ಸಂತ ಯಾಕೋಬನ ಹೆಸರಿನ ಬೀದಿಯಲ್ಲಿದ್ದುದರಿಂದ ಆ ಸನ್ಯಾಸಿಗಳಿಗೇ ಜಾಕೊಬಿನ್ನರು ಎಂಬ ಹೆಸರು ಬಿದ್ದಿತ್ತು. ಅವರ ಇನ್ನೊಂದು ಮಠದಲ್ಲಿ ಸಭೆ ಸೇರಿದ ಕ್ರಾಂತಿಕಾರಿಗಳಿಗೆ ಅದು ಅಂಟಿಕೊಂಡಿತು. 1797ರಲ್ಲಿ ಶ್ರೀರಂಗಪಟ್ಟಣದ ಫ್ರೆಂಚರು ಜಾಕೊಬಿನ್ ಕ್ಲಬ್ ಕಟ್ಟಿದರೆಂದು, ಟಿಪ್ಪು 1799ರಲ್ಲಿ ಮಡಿದ ಬಳಿಕ ಬ್ರಿಟಿಷರು ಪ್ರಕಟಿಸಿದ ಕಾಗದಪತ್ರಗಳು ಹೇಳುತ್ತವೆ. ಅವು ಎಷ್ಟು ನಂಬಲರ್ಹ ಎಂಬ ಬಗ್ಗೆ ಇತಿಹಾಸಕಾರರಲ್ಲಿ ವಾದವಿದೆ. ವಾದ ಏನೇ ಇರಲಿ, ಕಾವೇರಿಯ ದಡದ ಕೋಟೆಯ ಕತೆಯಲ್ಲಿ ಕೂಡ ಹೀಬ್ರೂವಿನ ಈ ಹಿಮ್ಮಡಿಯ ಗುರುತು ಬಿದ್ದಿದೆ.

ಮುಸ್ಲಿಮರಲ್ಲಿ ಈ ಹೆಸರು ಯಾಕೂಬ್. ಕುರ್‌ಆನಿನಲ್ಲಿ ಅವರು ಪ್ರವಾದಿ, ಮಗ ಯೂಸುಫನನ್ನು ಅಗಲಿದ ದುಃಖದಲ್ಲಿ ದೃಷ್ಟಿ ಕಳೆದುಕೊಂಡು, ಮಗನ ಅಂಗಿಯನ್ನು ಮುಖದ ಮೇಲೆ ಹಾಕಿದಾಗ ಮರಳಿ ಪಡೆದ ತಂದೆ. ಅಲ್ಲಿ ಮೋಸದ ಮಾತೇ ಇಲ್ಲ, ಅವರು ತಾಳ್ಮೆಗೆ ಮಾದರಿ. ಅಮೆರಿಕದಲ್ಲಿ 1999ರಿಂದ 2012ರವರೆಗೆ ಪ್ರತಿವರ್ಷವೂ ಗಂಡುಮಕ್ಕಳಿಗೆ ಅತಿ ಹೆಚ್ಚು ಇಟ್ಟ ಹೆಸರು ಜೇಕಬ್. ಅಲ್ಲಿ ನೆಲೆಸಿದ ನಮ್ಮವರ ಮಕ್ಕಳ ತರಗತಿಗಳಲ್ಲಿ ಒಬ್ಬಿಬ್ಬರು ಜೇಕಬ್‌ಗಳು ಇದ್ದೇ ಇರುತ್ತಿದ್ದುದಕ್ಕೆ ಕಾರಣ ಅದು.

ಗದಗದವರಿಗೆ ನಾನು ಅರ್ಥದ ವಿಷಯ ಹೇಳಿ ಮುಗಿಸಿದ ಮೇಲೆ ಅವರು ಕೇಳಿದ್ದು ಕಾಗುಣಿತದ ಬಗ್ಗೆ. ಬದುಕಿರುವ ಮನುಷ್ಯನ ಹೆಸರಿನಲ್ಲಿ ‘ಶುದ್ಧ’ ರೂಪ ಎಂಬುದು ಬೇರೆ ಇಲ್ಲ, ಆ ಮನೆಯವರು ಕರೆಯುವುದೇ ಶುದ್ಧ. ಯಾಕೋಬ, ಯಾಕೋಬ್, ಜಾಕೋಬ್, ಜೇಕಬ್ ಯಾವುದನ್ನಾದರೂ ಆರಿಸಿಕೊಳ್ಳಬಹುದು. ಆದರೆ ಜನನ ಪ್ರಮಾಣಪತ್ರದಲ್ಲಿ ಒಂದು, ಆಧಾರ್‌ನಲ್ಲಿ ಒಂದು, ಶಾಲೆಯ ದಾಖಲೆಯಲ್ಲಿ ಇನ್ನೊಂದು ಆದರೆ ಮುಂದೆ ಪಾಸ್‌ಪೋರ್ಟಿನ ಹೊತ್ತಿಗೆ ಅಫಿಡವಿಟ್ಟು ಮಾಡಿಸುತ್ತ ಅಲೆಯಬೇಕಾಗುತ್ತದೆ. ಕನ್ನಡದಲ್ಲಿ ‘ಯಾಕೋಬ್’ ಎಂದು ಬರೆಸಿ ಇಂಗ್ಲಿಷಿನಲ್ಲಿ ಜೇಕಬ್ ಎಂದು ಓದಿಕೊಳ್ಳುವ ಕಾಗುಣಿತ ಕೊಟ್ಟರೆ ಗುಮಾಸ್ತರ ಕೈಯಲ್ಲಿ ಅವು ಎರಡು ಹೆಸರಾಗುವ ಸಾಧ್ಯತೆ ಹೆಚ್ಚು ಎಂದೆ. ಅವರು ಸ್ವಲ್ಪ ಹೊತ್ತು ಒಳಗೆ ಯಾರೊಂದಿಗೋ ಮಾತಾಡಿ ಬಂದರು. ಮನೆಯಲ್ಲಿ ಅಜ್ಜಿ ಆಗಲೇ ಕೂಸನ್ನು ಯಾಕೋಬ ಎಂದು ಕರೆಯಲು ಶುರುಮಾಡಿದ್ದಾರಂತೆ. ಹಾಗಿದ್ದರೆ ಇಂಗ್ಲಿಷಿನಲ್ಲೂ ಮೊದಲ ಅಕ್ಷರ ಜೆ ಅಲ್ಲ, ವೈ ಇರಲಿ ಎಂದು ಹೇಳಿ, ಪೂರ್ತಿ ಕಾಗುಣಿತವನ್ನು ಎರಡೂ ಲಿಪಿಗಳಲ್ಲಿ ಬರೆದು ಕಳಿಸಿಕೊಟ್ಟೆ.