ಎಫ್‌ಆರ್-4 ಎಂದು ಬರೆದರೆ ಸಾಲದು

ಕಳೆದ ಬೇಸಿಗೆಯಲ್ಲಿ ಗಂಗಾವತಿಯ ಅಕ್ಕಿ ಗಿರಣಿಯೊಂದರಿಂದ ಕರೆ ಬಂತು. ಬಣ್ಣ ನೋಡಿ ಅಕ್ಕಿ ಬೇರ್ಪಡಿಸುವ ಯಂತ್ರ, ಕಲರ್ ಸಾರ್ಟರ್, ಬೆಳಿಗ್ಗೆ ಚೆನ್ನಾಗಿ ಓಡುತ್ತದೆ, ಮಧ್ಯಾಹ್ನದ ಹೊತ್ತಿಗೆ ಕಪ್ಪು ಅಕ್ಕಿಯನ್ನು ಊದಿ ತೆಗೆಯುವುದನ್ನು ಬಿಡುತ್ತದೆ, ರಾತ್ರಿ ತಾನಾಗಿಯೇ ಸರಿಹೋಗುತ್ತದೆ. ಗಾಳಿಯ ವಾಲ್ವ್‌ಗಳನ್ನು ನಡೆಸುವ ಸರ್ಕ್ಯೂಟ್ ಬೋರ್ಡನ್ನು ಮೂರು ತಿಂಗಳ ಹಿಂದಷ್ಟೇ ಹೊಸದಾಗಿ ಮಾಡಿಸಿದ್ದರು. ಬಿಲ್ಲಿನಲ್ಲಿ ಬೋರ್ಡಿನ ಹಲಗೆಯ ದರ್ಜೆ ಮತ್ತು ದಪ್ಪ, ‘ಎಫ್‌ಆರ್-4, 1.6 ಮಿ.ಮೀ.’ ಎಂದಷ್ಟೇ ಇತ್ತು.

ಬೋರ್ಡಿಗೆ ಬಿಸಿಗಾಳಿ ಹಿಡಿದೆ. ಒಂದು ವಯಾದಲ್ಲಿ, ಅಂದರೆ ಬೋರ್ಡಿನ ಒಳಗೆ ತಾಮ್ರ ಲೇಪಿಸಿದ ರಂಧ್ರದಲ್ಲಿ, ಸಂಪರ್ಕ ಇದೆಯೆಂದು ತಿಳಿಸುವ ಮೀಟರಿನ ಸದ್ದು ನಿಂತಿತು; ಆರಿದ ಮೇಲೆ ಮತ್ತೆ ಬಂತು. ಆ ರಂಧ್ರದ ನಟ್ಟನಡುವೆ ಕತ್ತರಿಸಿ, ಅಂಚನ್ನು ನುಣ್ಣಗೆ ಉಜ್ಜಿ ಸೂಕ್ಷ್ಮದರ್ಶಕದ ಕೆಳಗಿಟ್ಟೆ. ಎರಡೂ ಬದಿಯನ್ನು ಜೋಡಿಸುವ ತಾಮ್ರದ ಕೊಳವೆಯ ನಡುವೆ ಕೂದಲೆಳೆಯಷ್ಟು ಬಿರುಕು. ತಾಮ್ರದ ದಪ್ಪ 20 ಮೈಕ್ರಾನಿಗೆ ಕಡಿಮೆ ಇರಲಿಲ್ಲ; ಲೇಪನದ ತಪ್ಪಲ್ಲ. ಹಾಗಾದರೆ ಕೊಳವೆಯನ್ನು ಎಳೆದು ಹರಿದದ್ದು ಬೋರ್ಡೇ.

ಗಾಜಿನ ಬಟ್ಟೆ ಮತ್ತು ಎಪಾಕ್ಸಿ ಅಂಟು ಸೇರಿದ ಬೋರ್ಡಿನ ಹಲಗೆ ಕಾದಾಗ ದಪ್ಪದ ಕಡೆಗೆ ಉಬ್ಬುತ್ತದೆ. ಬಟ್ಟೆಯ ಎಳೆಗಳು ಅಡ್ಡಡ್ಡ ಹಿಡಿದಿರುತ್ತವೆ, ಮೇಲಕ್ಕೆ ಹಿಡಿಯುವವರಿಲ್ಲ. ಒಂದು ಡಿಗ್ರಿಗೆ ತಾಮ್ರ ಹಿಗ್ಗುವುದು ದಶಲಕ್ಷಕ್ಕೆ 17 ಭಾಗ. ಹಲಗೆ ಅದರ ಮೂರು ಪಟ್ಟು. ಎಪಾಕ್ಸಿ ಮೆತ್ತಗಾಗುವ ಉಷ್ಣಾಂಶವನ್ನು, ಅಂದರೆ ಟಿಜಿಯನ್ನು ದಾಟಿದರೆ ಹಿಗ್ಗುವಿಕೆ ಇನ್ನೂರನ್ನೂ ಮೀರುತ್ತದೆ. ಬಿಡಿಭಾಗಗಳನ್ನು ಬೋರ್ಡಿಗೆ ಕೂರಿಸುವಾಗಲೇ ಆ ಬಿಸಿ ಬರುತ್ತದೆ. ಹಿಂದಿನ ಸೀಸದ ಬೆಸುಗೆ 183 ಡಿಗ್ರಿಗೆ ಕರಗುತ್ತಿತ್ತು. 2006ರಲ್ಲಿ ಯುರೋಪ್ ಸೀಸವನ್ನು ನಿರ್ಬಂಧಿಸಿದ ಮೇಲೆ ಎಲ್ಲೆಡೆ ಹರಡಿದ ಬೆಸುಗೆ ಕರಗಲು 217 ಬೇಕು, ಬೆಸುಗೆಯ ಒಲೆಯೊಳಗೆ ಬಿಸಿ 245ರ ಆಸುಪಾಸಿಗೆ ಏರುತ್ತದೆ. ಕೊಳವೆಗೆ ಪೆಟ್ಟು ಬಿದ್ದದ್ದು ಅಲ್ಲಿಯೇ. ಗಿರಣಿಯ ಬಿಸಿ ಆ ಬಿರುಕನ್ನು ದಿನವೂ ತೆರೆದು ಮುಚ್ಚಿತು.

ಎಫ್‌ಆರ್-4 ಎಂಬುದು ಅಮೆರಿಕದ ನೇಮಾ ಸಂಸ್ಥೆ ಕೊಟ್ಟ ದರ್ಜೆಯ ಹೆಸರು. ಬೆಂಕಿಯನ್ನು ತಡೆಯುವ ಗಾಜು-ಎಪಾಕ್ಸಿ ಎಂಬುದಕ್ಕಿಂತ ಹೆಚ್ಚಿನದನ್ನು ಅದು ಹೇಳುವುದಿಲ್ಲ. ಹೇಳುವುದು ಐಪಿಸಿ-4101, ಎಲೆಕ್ಟ್ರಾನಿಕ್ಸ್ ಉದ್ಯಮದ ಐಪಿಸಿ ಸಂಸ್ಥೆಯಿಂದ 1997ರಲ್ಲಿ ಬಂದ ಮಾನದಂಡ. ಪ್ರತಿ ಬಗೆಯ ಹಲಗೆಗೂ ಅದರಲ್ಲಿ ಒಂದು ಪುಟವಿದೆ. ಆ ಪುಟದ ಸಂಖ್ಯೆಯನ್ನು ಓರೆಗೆರೆಯ ಮುಂದೆ ಬರೆಯುತ್ತಾರೆ. /21ರಲ್ಲಿ ಟಿಜಿ ಕನಿಷ್ಠ 110 ಡಿಗ್ರಿ. /126ರಲ್ಲಿ 170, ಜೊತೆಗೆ 50ರಿಂದ 260 ಡಿಗ್ರಿಯವರೆಗೆ ಕಾಯಿಸಿದಾಗ ದಪ್ಪ ಶೇ 3ಕ್ಕಿಂತ ಹೆಚ್ಚು ಉಬ್ಬಬಾರದು, 288 ಡಿಗ್ರಿಯಲ್ಲಿ 15 ನಿಮಿಷ ಪದರ ಬಿಡಬಾರದು. ಅಂಗಡಿಯಲ್ಲಿ ಎರಡೂ ಎಫ್‌ಆರ್-4.

ಟಿಜಿ ಹೆಚ್ಚಿದ್ದರೆ ಸಾಕು ಎನ್ನುವವರನ್ನು ನಾನು ಒಪ್ಪುವುದಿಲ್ಲ. ಟಿಡಿ ಕೇಳಿ. ಎಪಾಕ್ಸಿ ಸುಟ್ಟು ಶೇ 5ರಷ್ಟು ತೂಕ ಕಳೆದುಕೊಳ್ಳುವ ಉಷ್ಣಾಂಶ ಅದು. /126 ಬೇಡುವುದು 340. ಬೆಸುಗೆಯ ಒಲೆಗೆ ಎರಡು ಸಲ ಹೋಗಿ, ಆಮೇಲೆ ನಮ್ಮಂಥವರ ಕೈಯಲ್ಲಿ ರಿಪೇರಿಯನ್ನೂ ಕಾಣುವ ಬೋರ್ಡಿಗೆ ಇದು ಮುಖ್ಯ. ತೋಟದ ಮನೆಯ ಎಲ್‌ಇಡಿ ದೀಪಕ್ಕೆ ಇಷ್ಟೆಲ್ಲ ಬೇಡ, ದುಡ್ಡು ದಂಡ.

ಗಿರಣಿಯವರ ಎರಡನೇ ಆರ್ಡರನ್ನು ನಾನೇ ಬರೆದುಕೊಟ್ಟೆ: ‘ಐಪಿಸಿ-4101/126, ಲ್ಯಾಮಿನೇಟ್ (ಹಲಗೆ) ತಯಾರಕರ ಪ್ರಮಾಣಪತ್ರ ಸಹಿತ.’ ಬೆಲೆ ಹೆಚ್ಚಾಯಿತು ಎಂದು ಮಾಲೀಕರು ಮುಖ ಸಿಂಡರಿಸಿದರು. ಕತ್ತರಿಸಿದ ಹಳೆಯ ತುಂಡನ್ನು ಮಸೂರದ ಕೆಳಗೆ ಅವರಿಗೆ ತೋರಿಸಿದೆ. ಬಹಳ ಹೊತ್ತು ನೋಡಿ, ಸಹಿ ಹಾಕಿದರು.