ಮಳೆ ಘಟ್ಟದ ಆಚೆ, ಜನ ಘಟ್ಟದ ಈಚೆ: ಕೊಲೊರಾಡೊ ನೀರಿನ ಕಗ್ಗಂಟು

ಅಮೆರಿಕದ ಕೊಲೊರಾಡೊ ರಾಜ್ಯದಲ್ಲಿ 2016ರವರೆಗೆ ಹೆಚ್ಚಿನ ಮನೆಗಳವರು ಸೂರಿನಿಂದ ಇಳಿಯುವ ಮಳೆನೀರಿಗೆ ಒಂದು ಡ್ರಮ್ ಇಟ್ಟರೂ ಅದು ಕಾನೂನಿಗೆ ವಿರುದ್ಧವಾಗಿತ್ತು. ಆ ವರ್ಷ ಬಂದ ಕಾಯ್ದೆ ಮನೆಗೆ ಎರಡು ಡ್ರಮ್, ಒಟ್ಟು 110 ಗ್ಯಾಲನ್ ನೀರು ಹಿಡಿಯಲು ಬಿಟ್ಟಿತು. ನಮ್ಮ ಲೆಕ್ಕದಲ್ಲಿ ಸುಮಾರು 415 ಲೀಟರ್. ಅದೂ ಹಿತ್ತಲ ಗಿಡಗಳಿಗೆ ಮಾತ್ರ. ಕೇಳಿದವರು ನಗುತ್ತಾರೆ. ಆದರೆ ಅಲ್ಲಿ ಸೂರಿನ ನೀರು ಹೊಳೆ ಸೇರುವ ಮೊದಲೇ ಇನ್ಯಾರದೋ ಹೆಸರಿಗೆ ಬರೆದಾಗಿರುತ್ತದೆ.

ಇದು ಅರ್ಥವಾಗಬೇಕಾದರೆ ಮೊದಲು ನಕ್ಷೆ ನೋಡಬೇಕು. ಕೊಲೊರಾಡೊದ ಗಡಿ ಸ್ಕೇಲು ಇಟ್ಟು ಎಳೆದ ಚೌಕ. ಅದರೊಳಗೆ ಉತ್ತರದಿಂದ ದಕ್ಷಿಣಕ್ಕೆ ರಾಕಿ ಪರ್ವತಗಳು ಹಾದುಹೋಗಿವೆ. 14,000 ಅಡಿ ದಾಟಿದ ಶಿಖರಗಳೇ 50ಕ್ಕೂ ಜಾಸ್ತಿ. ಎಲ್ಲಕ್ಕಿಂತ ಎತ್ತರದ ಮೌಂಟ್ ಎಲ್ಬರ್ಟ್ 14,440 ಅಡಿ. ಈ ಘಟ್ಟದ ನೆತ್ತಿಯ ಪಶ್ಚಿಮಕ್ಕೆ ಬಿದ್ದ ನೀರು ಪೆಸಿಫಿಕ್ ಕಡೆಗೆ, ಪೂರ್ವಕ್ಕೆ ಬಿದ್ದದ್ದು ಅಟ್ಲಾಂಟಿಕ್ ಕಡೆಗೆ. ಮೋಡ ಬರುವುದು ಪಶ್ಚಿಮದಿಂದ. ಹೊತ್ತು ತಂದ ಹಿಮವನ್ನೆಲ್ಲ ಅಲ್ಲೇ ಸುರಿದು, ಬರಿಗೈಯಲ್ಲಿ ಪೂರ್ವಕ್ಕೆ ದಾಟುತ್ತದೆ. ಹಾಗಾಗಿ ರಾಜ್ಯದ ನೀರಿನಲ್ಲಿ ಸುಮಾರು ನೂರಕ್ಕೆ 80 ಪಾಲು ಘಟ್ಟದ ಆಚೆ. ಜನರಲ್ಲಿ ನೂರಕ್ಕೆ 80ಕ್ಕೂ ಹೆಚ್ಚು ಪಾಲು ಈಚೆ, ಡೆನ್ವರ್ ಸುತ್ತಮುತ್ತಲಿನ ಬಯಲಿನಲ್ಲಿ.

ಇತಿಹಾಸ ಚುಟುಕಾಗಿ ಹೇಳುವುದಾದರೆ: ಪೂರ್ವದ ನೆಲವನ್ನು 1803ರಲ್ಲಿ ಫ್ರಾನ್ಸ್‌ನಿಂದ ಕೊಂಡರು, ಪಶ್ಚಿಮದ್ದು 1848ರಲ್ಲಿ ಮೆಕ್ಸಿಕೊ ಸೋತಾಗ ಬಂತು, 1858ರಲ್ಲಿ ಚಿನ್ನ ಸಿಕ್ಕಿತು, 1876ರಲ್ಲಿ ರಾಜ್ಯವಾಯಿತು, ತಲೆಮಾರುಗಳಿಂದ ಪಶ್ಚಿಮದ ಬೆಟ್ಟಗಳಲ್ಲಿದ್ದ ಯೂಟ್ ಜನರಲ್ಲಿ ಹೆಚ್ಚಿನವರನ್ನು 1881ರಲ್ಲಿ ಯೂಟಾಕ್ಕೆ ಅಟ್ಟಿದರು.

ನೀರಿನ ಕಾನೂನಿನ ಬೇರು ಇರುವುದು ಆ ಚಿನ್ನದಲ್ಲಿ. ಗಣಿಯಲ್ಲಿ ಯಾರು ಮೊದಲು ಗೂಟ ನೆಟ್ಟರೋ ಜಾಗ ಅವರದು. ನೀರಿಗೂ ಅದೇ ನಿಯಮ ಬಂತು. 1874ರ ಬೇಸಿಗೆಯಲ್ಲಿ ಮೇಲ್ಗಡೆಯ ಫೋರ್ಟ್ ಕಾಲಿನ್ಸ್ ರೈತರು ಹೊಳೆ ತಿರುಗಿಸಿಕೊಂಡು ಕೆಳಗಿನ ಗ್ರೀಲಿಯ ಪೈರು ಒಣಗಿದಾಗ ದೊಡ್ಡ ಜಗಳವೇ ಆಯಿತು. ಎರಡೇ ವರ್ಷಕ್ಕೆ ಬಂದ ರಾಜ್ಯದ ಸಂವಿಧಾನದಲ್ಲಿ 'ಮೊದಲು ಬಳಸಿದವರಿಗೆ ಮೊದಲ ಹಕ್ಕು' ಅಂತ ಸೇರಿತು. ಹೊಳೆ ಪಕ್ಕದಲ್ಲೇ ಜಮೀನಿದ್ದರೂ ಅದಕ್ಕೆ ಬೆಲೆ ಇಲ್ಲ. ತಾರೀಖು ಒಂದೇ ಲೆಕ್ಕ. ನೀರು ಕಡಿಮೆಯಾದಾಗ ಸರ್ಕಾರದ ವಾಟರ್ ಕಮಿಷನರ್, ನಮ್ಮ ಹಳ್ಳಿಗಳ ನೀರುಗಂಟಿ ಅನ್ನಿ, ಹೊಸ ತಾರೀಖಿನವರ ತೂಬು ಮುಚ್ಚಿಸುತ್ತಾ ಬರುತ್ತಾನೆ.

1882ರಲ್ಲಿ ರಾಜ್ಯದ ಸುಪ್ರೀಂ ಕೋರ್ಟು ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಲೆಫ್ಟ್ ಹ್ಯಾಂಡ್ ಕಾಲುವೆಯವರು ಪಕ್ಕದ ಹೊಳೆಯ ನೀರನ್ನು ದಿಣ್ಣೆ ದಾಟಿಸಿ ತಮ್ಮ ಹೊಳೆಗೆ ಹರಿಸಿಕೊಂಡಿದ್ದರು. 1879ರ ಬರದಲ್ಲಿ ನೀರು ಕಳೆದುಕೊಂಡ ಕಡೆಯವರು ಹೋಗಿ ಅವರ ಕಟ್ಟೆಯನ್ನೇ ಕಿತ್ತರು. ಕೋರ್ಟು ಕಾಲುವೆಯವರ ಪರ ನಿಂತಿತು. ಮೊದಲು ತೆಗೆದುಕೊಂಡವರು ಬೇರೆ ಕಣಿವೆಗೂ ಒಯ್ಯಬಹುದು ಎಂದಿತು. ಈ ಒಂದು ತೀರ್ಪು ಇಲ್ಲದಿದ್ದರೆ ಮುಂದಿನ ಕಥೆಯೇ ಇಲ್ಲ.

1890ರಲ್ಲಿ ಗ್ರ್ಯಾಂಡ್ ಡಿಚ್ ಶುರುವಾಯಿತು. ಹತ್ತು ಸಾವಿರ ಅಡಿ ಎತ್ತರದಲ್ಲಿ, ಪಶ್ಚಿಮದ ಬೆಟ್ಟದ ಪಕ್ಕೆಗೆ ಕೊರೆದ 14 ಮೈಲಿ ಕಾಲುವೆ. ಪಶ್ಚಿಮಕ್ಕೆ ಹರಿಯಬೇಕಾದ ಹಿಮದ ನೀರನ್ನು ಹಿಡಿದು ಪೂರ್ವಕ್ಕೆ ದಾಟಿಸುತ್ತದೆ. ಮುಗಿಯಲು 1936 ಆಯಿತು. ಇವತ್ತಿಗೂ ಟ್ರೇಲ್ ರಿಡ್ಜ್ ರಸ್ತೆಯಿಂದ ನೋಡಿದರೆ ಎದುರಿನ ಬೆಟ್ಟದ ಮೇಲೆ ಅಡ್ಡಗೆರೆ ಎಳೆದ ಹಾಗೆ ಕಾಣುತ್ತದೆ. ಗೊತ್ತಿಲ್ಲದವರು ರಸ್ತೆ ಅಂದುಕೊಳ್ಳುತ್ತಾರೆ.

ಆದರೆ ದೊಡ್ಡ ಕೆಲಸ ನಡೆದದ್ದು ಬೆಟ್ಟದ ಹೊಟ್ಟೆಯಲ್ಲಿ. 1930ರ ದಶಕದ ಬರ, ಒಣಗುತ್ತಿದ್ದ ಬೀಟ್ ಸಕ್ಕರೆ ಹೊಲಗಳು, ಕೆಲಸವಿಲ್ಲದ ಜನ. 1937ರಲ್ಲಿ ಕೊಲೊರಾಡೊ–ಬಿಗ್ ಥಾಂಪ್ಸನ್ ಯೋಜನೆಗೆ ಒಪ್ಪಿಗೆ ಸಿಕ್ಕಿತು. ಪಶ್ಚಿಮದ ನೀರನ್ನು ಪೂರ್ವಕ್ಕೆ ತರಲು ಪಶ್ಚಿಮದ ಗ್ರ್ಯಾಂಡ್ ಲೇಕ್ ಕಡೆಯಿಂದ ಒಂದು ತಂಡ, ಪೂರ್ವದ ಎಸ್ಟೆಸ್ ಪಾರ್ಕ್ ಕಡೆಯಿಂದ ಇನ್ನೊಂದು ತಂಡ ಸುರಂಗ ಕೊರೆಯುತ್ತಾ ಬಂದವು. ಯುದ್ಧದಿಂದ ನಡುವೆ ಕೆಲಸ ನಿಂತಿತು. 1944ರಲ್ಲಿ ಎರಡೂ ಕಡೆಯವರು ಬೆಟ್ಟದ ಕೆಳಗೆ ಸಂಧಿಸಿದರು. 13 ಮೈಲಿಯ ಈ ಆಡಮ್ಸ್ ಸುರಂಗ ರಾಕಿ ಮೌಂಟನ್ ರಾಷ್ಟ್ರೀಯ ಉದ್ಯಾನದ ಅಡಿಯಲ್ಲೇ ಹೋಗುತ್ತದೆ, ಮೇಲೆ ಓಡಾಡುವವರಿಗೆ ಸುಳಿವೇ ಸಿಗದ ಹಾಗೆ. 1947ರಲ್ಲಿ ನೀರು ದಾಟಿತು. ಈಗ ವರ್ಷಕ್ಕೆ ಸುಮಾರು 9ರಿಂದ 10 ಟಿಎಂಸಿ.

ಪಶ್ಚಿಮದವರು ಸುಮ್ನೆ ಬಿಟ್ಟುಕೊಡಲಿಲ್ಲ. ಅಮೆರಿಕದ ಸಂಸತ್ತಿನಲ್ಲಿ (ಕಾಂಗ್ರೆಸ್) ಅವರ ಸದಸ್ಯ ಎಡ್ವರ್ಡ್ ಟೇಲರ್, ಒಯ್ದಷ್ಟೇ ನೀರನ್ನು ನಮಗೂ ಕೂಡಿಟ್ಟು ಕೊಡಿ ಎಂದು ಹಟ ಹಿಡಿದರು. ಅದರಿಂದ ಗ್ರೀನ್ ಮೌಂಟನ್ ಜಲಾಶಯ ಬಂತು. ಗ್ರ್ಯಾಂಡ್ ಲೇಕ್‌ಗೆ ಮಾತ್ರ ಪರಿಹಾರ ಸಿಗಲಿಲ್ಲ. ರಾಜ್ಯದ ಅತಿ ದೊಡ್ಡ ಸಹಜ ಸರೋವರ ಅದು. 1941ರಲ್ಲಿ 30 ಅಡಿ ಆಳದವರೆಗೆ ಕಣ್ಣಿಗೆ ಕಾಣುತ್ತಿತ್ತಂತೆ. ಕೆಳಗಿನ ಜಲಾಶಯಗಳ ನೀರನ್ನು ಪಂಪ್ ಮಾಡಿ ಅದರ ಮೂಲಕ ಹಾಯಿಸಲು ಶುರು ಮಾಡಿದ ಮೇಲೆ ಆ ತಿಳಿ ಮರಳಿ ಬಂದಿಲ್ಲ. ಇನ್ನು, ರೈತರಿಗೆಂದು ತಂದ ನೀರಿನಲ್ಲಿ ಈಗ ಹೆಚ್ಚಿನ ಪಾಲುಗಳ ಒಡೆತನ ಪೂರ್ವದ ಪಟ್ಟಣಗಳದು. ಎಲ್ಲವೂ ಕಾನೂನಿನ ಪ್ರಕಾರವೇ ಆಗಿದೆ, ಮಾರಿದವರೂ ರೈತರೇ.

ಆಮೇಲೆ 1960ರ ದಶಕದಲ್ಲಿ ಡೆನ್ವರ್‌ಗಾಗಿ ಡಿಲ್ಲನ್ ಜಲಾಶಯ, ಅದರಿಂದ 23 ಮೈಲಿಯ ಇನ್ನೊಂದು ಸುರಂಗ. ಹಳೇ ಡಿಲ್ಲನ್ ಊರು ಎದ್ದು ಬೇರೆ ಕಡೆ ಹೋಯಿತು. ಹೊಳೆಯಲ್ಲಿ ಮೀನಿಗೂ ಒಂದಿಷ್ಟು ನೀರು ಉಳಿಯಬೇಕು, ಅದೂ ಒಂದು ಹಕ್ಕು ಅಂತ ಕಾನೂನು ಒಪ್ಪಿದ್ದು 1973ರಲ್ಲಿ. ಅಷ್ಟು ಹೊತ್ತಿಗೆ ಒಳ್ಳೆಯ ತಾರೀಖುಗಳೆಲ್ಲ ಹಂಚಿಹೋಗಿದ್ದವು, ಅಲ್ವಾ?

ಈಗಿನ ಆತಂಕ ಹೊರಗಿನದು. 1922ರಲ್ಲಿ ಏಳು ರಾಜ್ಯಗಳು ಘಟ್ಟದಿಂದ ಪಶ್ಚಿಮಕ್ಕೆ ಇಳಿಯುವ ಕೊಲೊರಾಡೊ ನದಿಯನ್ನು ಹಂಚಿಕೊಂಡವು. ಕೊಲೊರಾಡೊ ಸೇರಿದ ಮೇಲಿನ ರಾಜ್ಯಗಳಿಗೆ 75 ಲಕ್ಷ ಎಕರೆ-ಅಡಿ, ಕೆಳಗಿನವರಿಗೆ ಅಷ್ಟೇ. ಅಂದರೆ ತಲಾ ಸುಮಾರು 327 ಟಿಎಂಸಿ. ಲೆಕ್ಕ ಹಾಕಿದ್ದು ಮಳೆ ಚೆನ್ನಾಗಿದ್ದ ವರ್ಷಗಳನ್ನು ನೋಡಿ. 2000ದಿಂದೀಚೆಗೆ ನದಿಯಲ್ಲಿ ಅಷ್ಟು ನೀರೇ ಬರುತ್ತಿಲ್ಲ. ನೀರು ಕಡಿಮೆಯಾದಾಗ ಹೇಗೆ ನಡೆದುಕೊಳ್ಳಬೇಕು ಎಂದು 2007ರಲ್ಲಿ ಮಾಡಿದ ನಿಯಮಗಳ ಅವಧಿ 2026ಕ್ಕೆ ಮುಗಿಯುತ್ತದೆ. ಕೆಳಗಿನವರು ಪಟ್ಟು ಹಿಡಿದರೆ, ಮೊದಲು ಏಟು ಬೀಳಬಹುದಾದದ್ದು 1922ರ ನಂತರದ ಹಕ್ಕುಗಳಿಗೆ. ದೊಡ್ಡ ಸುರಂಗಗಳೆಲ್ಲ ಅದರ ನಂತರದವು. ಅದಕ್ಕೇ ಪಶ್ಚಿಮದ ರೈತರ ಹಳೇ ತಾರೀಖುಗಳ ಮೇಲೆ ಈಗ ಎಲ್ಲರ ಕಣ್ಣು.

ಗ್ಲೆನ್‌ವುಡ್ ಕಣಿವೆಯಲ್ಲಿ ಶೋಶೋನ್ ಎಂಬ ಪುಟ್ಟ ಜಲವಿದ್ಯುತ್ ಘಟಕವಿದೆ. ಅದರ ಹಕ್ಕಿನ ತಾರೀಖು 1902. ಟರ್ಬೈನ್ ತಿರುಗಿಸಿದ ನೀರು ಪೂರ್ತಿ ಹೊಳೆಗೇ ವಾಪಸ್. ಆದರೆ ಆ ತಾರೀಖಿನ ಬಲದಿಂದ, ಮೇಲೆ ಸುರಂಗಕ್ಕೆ ಹೋಗಬಹುದಾಗಿದ್ದ ನೀರು ಪಶ್ಚಿಮಕ್ಕೇ ಇಳಿದು ಬರಬೇಕಾಗುತ್ತದೆ. 2023ರಲ್ಲಿ ಪಶ್ಚಿಮದವರ ನೀರು ಕಾಯುವ ಸಂಸ್ಥೆ ಕೊಲೊರಾಡೊ ರಿವರ್ ಡಿಸ್ಟ್ರಿಕ್ಟ್ ಆ ಹಕ್ಕನ್ನು ಸುಮಾರು 10 ಕೋಟಿ ಡಾಲರ್‌ಗೆ ಕೊಳ್ಳಲು ಒಪ್ಪಂದ ಮಾಡಿಕೊಂಡಿತು. ಆ ಬೆಲೆಯಲ್ಲಿ ಘಟಕ ಸೇರಿಲ್ಲ. ಕರೆಂಟು ಕಂಪನಿ ಎಂದಿನಂತೆ ಟರ್ಬೈನ್ ತಿರುಗಿಸಿಕೊಂಡಿರಬಹುದು.