ಕೋಳಿ ಉಂಡೆಗೆ ಎರಡು ಉರಿ

ಮೊದಲ ಸಲ ಮಾಡಿದಾಗ ಕೋಳಿ ಖೀಮಾದ ಉಂಡೆಗಳು ಓಟಿಜಿ ಅನ್ನುವ ಕರೆಂಟಿನ ಓವನ್‌ನೊಳಗೇ ಬಿರಿದು ಪುಡಿಯಾದವು. ಎರಡನೇ ಸಲ ಹಾಗಾಗಬಾರದು ಅಂತ ಎರಡು ಮೊಟ್ಟೆ, ಮೂರು ಚಮಚ ಕಾರ್ನ್‌ಫ್ಲೋರ್ ಸುರಿದೆ. ಅವತ್ತು ಭಾಂಡುಪ್‌ನಿಂದ ಬಂದಿದ್ದ ಅಕ್ಕ ಒಂದನ್ನು ಕಚ್ಚಿದಳು. ಜಗಿದಳು. ಇನ್ನೂ ಜಗಿದಳು. ಆಮೇಲೆ, "ಎಂತ ಮಾರಾಯ್ತಿ, ಇದು ಕೋಳಿಯಾ, ಮಕ್ಕಳ ಚೆಂಡಾ?" ಅಂದಳು.

ಬೇಜಾರಾಯಿತು. ಆದರೆ ಥಾಯ್ಲೆಂಡಿನಲ್ಲಿ ಇದೇ ಮಾತು ಹೊಗಳಿಕೆ ಆಗಬಹುದಿತ್ತು. ಅಲ್ಲಿನ ಬೀದಿಗಳಲ್ಲಿ 'ಲೂಕ್ ಚಿನ್' ಅನ್ನುವ ಮಾಂಸದ ಉಂಡೆ ಸಿಗುತ್ತದೆ. ಕಡ್ಡಿಗೆ ಚುಚ್ಚಿ, ಕೆಂಡದ ಮೇಲೆ ಸುಟ್ಟು, ಸಿಹಿ ಖಾರದ ಸಾಸ್ ಜೊತೆ ಕೊಡುತ್ತಾರೆ. ಹಲ್ಲಿಗೆ ಸಿಕ್ಕರೆ ಪುಟಿಯಬೇಕು, ಆಗಲೇ ಅದು ಒಳ್ಳೇ ಲೂಕ್ ಚಿನ್. ಮುಂಬೈ ಪಕ್ಕದ ಡೊಂಬಿವಲಿಯ ನಮ್ಮ ಅಡುಗೆಮನೆಯಲ್ಲಿ ಕೆಂಡ ಇಲ್ಲ. ದೀಪಾವಳಿಗೆ ತಂದ ಪುಟ್ಟ ಓಟಿಜಿ ಇದೆ, ಅದರಲ್ಲೇ ಬೇಕ್ ಮಾಡಬೇಕು. ನನಗೆ ಬೇಕಾಗಿದ್ದು ಪುಡಿಗೂ ಚೆಂಡಿಗೂ ನಡುವಿನದು.

ತಪ್ಪು ಎಲ್ಲಿತ್ತು ಅಂತ ಹುಡುಕಿದಾಗ ಸಿಕ್ಕಿಬಿದ್ದದ್ದು ಉಪ್ಪು. ಉಪ್ಪು ಇರುವುದು ರುಚಿಗೆ ಅಂದುಕೊಂಡು ನಾನು ಕೊನೆಯಲ್ಲಿ ಉದುರಿಸಿ, ಎರಡು ಸಲ ಕಲಸಿ ಬಿಡುತ್ತಿದ್ದೆ. ಖೀಮಾಕ್ಕೆ ಉಪ್ಪೇ ಗೋಂದು ಅಂತ ಗೊತ್ತಿರಲಿಲ್ಲ.

ಕೋಳಿಯ ಸ್ನಾಯುವಿನಲ್ಲಿ ಮಯೋಸಿನ್ ಅನ್ನುವ ಪ್ರೋಟೀನ್ ಇದೆ. ಕೋಳಿ ಬದುಕಿದ್ದಾಗ ಕಾಲು ಎತ್ತಿಡುವುದು, ರೆಕ್ಕೆ ಬಡಿಯುವುದು ಎಲ್ಲ ಇದು ಎಳೆದದ್ದರಿಂದಲೇ. ಎಳೆಎಳೆಯಾಗಿ ಕಟ್ಟು ಕಟ್ಟಿಕೊಂಡಿರುವ ಇದು ಬರೀ ನೀರಿಗೆ ಬಗ್ಗುವುದಿಲ್ಲ. ಉಪ್ಪು ಬಿದ್ದರೆ ಕಟ್ಟು ಸಡಿಲಾಗುತ್ತದೆ. ಎಳೆಗಳು ಬಿಡಿಸಿಕೊಂಡು, ಮಾಂಸದಲ್ಲೇ ಇರುವ ನೀರಿನಲ್ಲಿ ಕರಗಿ, ಒಂದೊಂದು ಚೂರಿನ ಮೇಲೂ ಅಂಟಾಗಿ ಹರಡುತ್ತವೆ. ಬಿಸಿ ಸುಮಾರು 50 ಡಿಗ್ರಿ ದಾಟಿದಾಗ ಅವೇ ಎಳೆಗಳು ಒಂದಕ್ಕೊಂದು ಹೆಣೆದುಕೊಂಡು ಬಲೆಯಾಗುತ್ತವೆ. ನೀರು, ಕೊಬ್ಬು ಎರಡೂ ಆ ಬಲೆಯಲ್ಲಿ ಸಿಕ್ಕಿಕೊಳ್ಳುತ್ತವೆ. ಉಂಡೆ ಉಂಡೆಯಾಗಿ ಉಳಿಯುವುದು ಹೀಗೆ. ಮೊಟ್ಟೆ ಬೇಕೇ ಬೇಕು ಅಂತೇನಿಲ್ಲ.

ಇದನ್ನು ಕೈಯೇ ಹೇಳಿಕೊಡುತ್ತದೆ. ಉಪ್ಪು ಹಾಕಿ ಕಲಸಲು ಶುರು ಮಾಡಿ. ಮೊದಲ ಅರ್ಧ ನಿಮಿಷ ಖೀಮಾ ಒದ್ದೆ ಮರಳಿನ ಹಾಗೆ ಬೆರಳ ಸಂದಿಯಿಂದ ಜಾರುತ್ತದೆ. ಎರಡು ನಿಮಿಷ ಆಗುವಷ್ಟರಲ್ಲಿ ಬಣ್ಣ ಕೊಂಚ ಬಿಳಿಚಿಕೊಳ್ಳುತ್ತದೆ. ಮೂರನೇ ನಿಮಿಷಕ್ಕೆ ಪಾತ್ರೆಯ ಅಂಚಿನಿಂದ ಕೈಗೆ ದಾರದಂಥ ಎಳೆ ಬರುತ್ತದೆ. ಆಗ ಒಂದು ತುತ್ತು ತೆಗೆದು ಅಂಗೈಗೆ ಒತ್ತಿ, ಕೈ ಬೋರಲು ಮಾಡಿ. ಬೀಳದೆ ಅಂಟಿಕೊಂಡಿದ್ದರೆ ಸಾಕು, ನಿಲ್ಲಿಸಿ. ಅಲ್ಲಿಂದ ಮುಂದೆ ಕಲಸಿದಷ್ಟೂ ಅಕ್ಕನ ಚೆಂಡಿನ ಕಡೆಗೆ ಹೋಗುತ್ತೀರಿ.

ಅರ್ಧ ಕಿಲೋ ಖೀಮಾಕ್ಕೆ ಎಲ್ಲ ಸೇರಿ 7ರಿಂದ 8 ಗ್ರಾಂ ಉಪ್ಪು ಸಾಕು. ಒಂದು ದೊಡ್ಡ ಚಮಚ ಫಿಶ್ ಸಾಸ್ ಹಾಕಿದರೆ ಅದರಲ್ಲೇ ಹೆಚ್ಚುಕಮ್ಮಿ ಅರ್ಧದಷ್ಟು ಬಂದುಬಿಡುತ್ತದೆ. ಇದನ್ನು ಮರೆತು ಒಮ್ಮೆ ಉಂಡೆಗಳನ್ನೇ ಉಪ್ಪಿನಕಾಯಿ ಮಾಡಿದ್ದೇನೆ.

ಇನ್ನೊಂದು ವಿಷಯ, ತಂಪು. ಮೇ ತಿಂಗಳ ಮುಂಬೈಯಲ್ಲಿ ಅಡುಗೆಮನೆಯೇ ಅರ್ಧ ಓವನ್ ಅಲ್ವಾ? ಕೋಳಿಯ ಕೊಬ್ಬು ಆಡಿನ ಕೊಬ್ಬಿನ ಹಾಗಲ್ಲ, ಕೈಯ ಬಿಸಿಗೇ ಕರಗಲು ಶುರುವಾಗುತ್ತದೆ. ಕರಗಿದ ಕೊಬ್ಬು ಚೂರುಗಳ ಮೇಲೆ ಎಣ್ಣೆ ಸವರಿದ ಹಾಗೆ ಕೂತರೆ ಅಂಟು ಹಿಡಿಯುವುದಿಲ್ಲ. ನಾನು ಈಗ ಖೀಮಾದ ಜೊತೆ ಪಾತ್ರೆಯನ್ನೂ ಅರ್ಧ ಗಂಟೆ ಫ್ರಿಜ್‌ನಲ್ಲಿ ಇಡುತ್ತೇನೆ. ಕಲಸುವಾಗ ಬೆರಳು ಮರಗಟ್ಟುತ್ತದೆ. ಮರಗಟ್ಟಲಿ.

ಬಲೆ ತೀರಾ ಬಿಗಿಯಾದರೂ ಕಷ್ಟ. ಬೇಯುತ್ತಾ ಬೇಯುತ್ತಾ ಅದು ಬಟ್ಟೆ ಹಿಂಡಿದ ಹಾಗೆ ನೀರನ್ನು ಹೊರಗೆ ಹಿಂಡುತ್ತದೆ. ಅದಕ್ಕೆ ನಡುವೆ ಏನಾದರೂ ಮೆತ್ತಗಿನದು ಬೇಕು. ಮುಂಬೈಯಲ್ಲಿ ಅದಕ್ಕೆ ಯೋಚನೆ ಮಾಡಬೇಕಾ? ಒಂದು ಪಾವ್ ತಂದು, ಕಂದು ಸಿಪ್ಪೆ ತೆಗೆದು, ಗಟ್ಟಿ ತೆಂಗಿನಹಾಲಿನಲ್ಲಿ ನೆನೆಸಿ ಹಿಸುಕಿ ಸೇರಿಸಿ. ಪಾವ್‌ನ ಪಿಷ್ಟ ನೀರನ್ನು ಹಿಡಿದಿಟ್ಟುಕೊಂಡು ಎಳೆಗಳ ನಡುವೆ ಅಡ್ಡ ಕೂರುತ್ತದೆ. ಉಂಡೆ ಮೃದುವಾಗುತ್ತದೆ.

ಥಾಯ್ ಪರಿಮಳಕ್ಕೆ ದೂರ ಹೋಗಬೇಕಿಲ್ಲ. ಇಲ್ಲಿ ತರಕಾರಿ ಮಾರುವವರ ಹತ್ತಿರ ಪುದಿನದ ಪಕ್ಕದಲ್ಲೇ 'ಗವತಿ ಚಹಾ' ಕಟ್ಟು ಇರುತ್ತದೆ. ಚಹಾಕ್ಕೆ ಹಾಕುವ ಹುಲ್ಲು, ನಮ್ಮ ಕಡೆಯ ಮಜ್ಜಿಗೆ ಹುಲ್ಲು. ಮಾರುವವರು ಎಲೆ ಮಾತ್ರ ಕೊಡುತ್ತಾರೆ, ನೀವು ಬುಡ ಕೇಳಿ ತೆಗೆದುಕೊಳ್ಳಿ. ಬುಡದ ಬಿಳಿ ಭಾಗವನ್ನು ಸಣ್ಣಗೆ ಹೆಚ್ಚಿ ಜಜ್ಜಿದರೆ ನಿಂಬೆ ವಾಸನೆ ಬರುತ್ತದೆ. ಅದು ಸಿಟ್ರಾಲ್, ನಿಂಬೆಸಿಪ್ಪೆಯಲ್ಲಿರುವ ಅದೇ ವಸ್ತು. ಫಿಶ್ ಸಾಸ್ ಅಂದರೆ ಸಣ್ಣ ಮೀನನ್ನು ಉಪ್ಪಿನಲ್ಲಿ ತಿಂಗಳುಗಟ್ಟಲೆ ಕೊಳೆಹಾಕಿ ಇಳಿಸಿದ ರಸ. ಮೀನಿನ ಪ್ರೋಟೀನ್ ಒಡೆದು ಅದರಲ್ಲಿ ಗ್ಲುಟಮೇಟ್ ತುಂಬಿರುತ್ತದೆ. ಜಪಾನಿನ ಕಿಕುನೆ ಇಕೆಡಾ 1908ರಲ್ಲಿ ಕಡಲಪಾಚಿಯ ಸಾರಿನಿಂದ ಬೇರ್ಪಡಿಸಿ 'ಉಮಾಮಿ' ಅಂತ ಹೆಸರಿಟ್ಟ ರುಚಿ ಇದರದ್ದೇ. ಬಾಟಲಿ ಖಾಲಿಯಾದ ದಿನ ನಾನು ಜವಳಾ ಹುರಿದು ಪುಡಿ ಮಾಡಿ ಹಾಕುತ್ತೇನೆ. ಒಣ ಸಿಗಡಿ ಹುರಿದ ವಾಸನೆಗೆ ಊರಿನ ಮನೆ ನೆನಪಾಗುತ್ತದೆ, ಅದು ಬೇರೆ ಲಾಭ.

ಈಗ ಓವನ್. ಉಂಡೆಯ ಗಾತ್ರದ ಬಗ್ಗೆ ಒಂದು ಲೆಕ್ಕ ಇದೆ, ಕೇಳಿದರೆ ನಂಬಲಿಕ್ಕಾಗುವುದಿಲ್ಲ. ನೆಲ್ಲಿಕಾಯಿ ಗಾತ್ರದ, ಅಂದರೆ ಸುಮಾರು 3 ಸೆಂಟಿಮೀಟರ್ ಅಡ್ಡಳತೆಯ ಉಂಡೆ 200 ಡಿಗ್ರಿಯಲ್ಲಿ 15 ನಿಮಿಷಕ್ಕೆ ಬೇಯುತ್ತದೆ ಅಂದುಕೊಳ್ಳಿ. 6 ಸೆಂಟಿಮೀಟರ್ ಉಂಡೆಗೆ ಎಷ್ಟು ಬೇಕು? ಅರ್ಧ ಗಂಟೆ ಅಂತ ಬಾಯಿಗೆ ಬರುತ್ತದೆ. ಬೇಕಾಗುವುದು ಅದಕ್ಕಿಂತ ಜಾಸ್ತಿ, ಒಂದು ಗಂಟೆಯವರೆಗೂ ಹೋಗಬಹುದು. ಬಿಸಿ ಮಾಂಸದೊಳಗೆ ಹೊರಗಿನಿಂದ ಒಳಕ್ಕೆ ಪದರ ಪದರವಾಗಿ ತೆವಳಿಕೊಂಡು ಹೋಗಬೇಕು. ದೂರ ಎರಡು ಪಟ್ಟಾದರೆ ಹೊತ್ತು ನಾಲ್ಕು ಪಟ್ಟಿನವರೆಗೂ ಆಗಬಹುದು. ಟ್ರೇಯಲ್ಲಿ ಒಂದು ದೊಡ್ಡದು, ಒಂದು ಚಿಕ್ಕದು ಮಾಡಿಟ್ಟರೆ ಒಂದು ಒಣಗುತ್ತದೆ, ಇನ್ನೊಂದು ಹಸಿ ಉಳಿಯುತ್ತದೆ. ಕೋಳಿ ಖೀಮಾ ಹಸಿ ಉಳಿಯಬಾರದು. ಇಡೀ ತುಂಡಿನಲ್ಲಿ ಹೊರಮೈಯಲ್ಲಿರುವ ಸಾಲ್ಮೊನೆಲ್ಲಾದಂಥ ಬ್ಯಾಕ್ಟೀರಿಯಾ ಕೊಚ್ಚಿದಾಗ ನಡುವಿಗೂ ಹೋಗಿರುತ್ತದೆ. ನಡುಭಾಗ 74 ಡಿಗ್ರಿ ಮುಟ್ಟಬೇಕು. ಅಡುಗೆ ಥರ್ಮಾಮೀಟರ್ ಇದ್ದರೆ ಚುಚ್ಚಿ ನೋಡಿ, ಸುಮ್ನೆ ಅಂದಾಜಿಗೆ ಬಿಡಬೇಡಿ. 74 ದಾಟಿದ ಮೇಲೆ ಓವನ್‌ನಲ್ಲಿ ಇಟ್ಟುಕೊಂಡು ಕೂರಲೂಬೇಡಿ.

ಹೊರಮೈ ಕೆಂಪಗಾಗುವುದು ಬೇರೆಯೇ ಕಥೆ. 1912ರಲ್ಲಿ ಫ್ರಾನ್ಸಿನ ಲೂಯಿ ಕಮಿಲ್ ಮಯಾರ್ ವಿವರಿಸಿದ ಕ್ರಿಯೆ ಅದು. ಅಮೈನೋ ಆಮ್ಲಗಳೂ ಕೆಲವು ಬಗೆಯ ಸಕ್ಕರೆಗಳೂ ಬಿಸಿಯಲ್ಲಿ ಕೂಡಿ ನೂರಾರು ಹೊಸ ಪರಿಮಳಗಳು ಹುಟ್ಟುತ್ತವೆ. 140 ಡಿಗ್ರಿ ಆಸುಪಾಸಿನಲ್ಲಿ ಇದಕ್ಕೆ ವೇಗ ಬರುತ್ತದೆ. ಉಂಡೆಯ ಮೈ ಒದ್ದೆ ಇರುವವರೆಗೆ ಅದು 100 ಡಿಗ್ರಿ ದಾಟುವುದಿಲ್ಲ, ಬಿಸಿಯೆಲ್ಲ ನೀರನ್ನು ಆವಿ ಮಾಡುವುದಕ್ಕೇ ಹೋಗುತ್ತದೆ. ಅದಕ್ಕೇ ಉಂಡೆಗಳನ್ನು ದೂರ ದೂರ ಇಡಬೇಕು, ಮೇಲೆ ತೆಳ್ಳಗೆ ಎಣ್ಣೆ ಸವರಬೇಕು. ಕೊನೆಯ ನಾಲ್ಕೈದು ನಿಮಿಷ ಇರುವಾಗ ಸ್ವಲ್ಪ ಜೇನು ಹಚ್ಚಿದರೆ ಬಣ್ಣ ಚೆನ್ನಾಗಿ ಬರುತ್ತದೆ. ಜೇನಿನ ಗ್ಲೂಕೋಸ್, ಫ್ರಕ್ಟೋಸ್ ಈ ಕ್ರಿಯೆಗೆ ನೇರವಾಗಿ ಇಳಿಯುತ್ತವೆ. ನಮ್ಮ ಸಾದಾ ಸಕ್ಕರೆ ಹಾಗೆ ಇಳಿಯುವುದಿಲ್ಲ.

ಇಷ್ಟು ಒಂದು ಉರಿಯ ಮಾತಾಯಿತು. ಇನ್ನೊಂದು ಉರಿ ಸಾಸ್‌ನದು.

ಥಾಯ್ ಸಿಹಿ ಖಾರದ ಸಾಸ್‌ಗೆ ಅಲ್ಲಿ 'ನಾಮ್ ಚಿಮ್ ಕೈ' ಅನ್ನುತ್ತಾರೆ. ಕೈ ಅಂದರೆ ಅವರಲ್ಲಿ ಕೋಳಿ. ಮೆಣಸಿನಕಾಯಿ, ಬೆಳ್ಳುಳ್ಳಿ, ಸಕ್ಕರೆ, ವಿನೆಗರ್, ಗಟ್ಟಿಯಾಗಲು ಚೂರು ಪಿಷ್ಟ. ನಾನು ಖಾರಕ್ಕೆ ಇಲ್ಲಿನ ಲವಂಗಿ ಮಿರ್ಚಿ, ಬಣ್ಣಕ್ಕೆ ಬ್ಯಾಡಗಿ ಹಾಕುತ್ತೇನೆ. ಕಾರ್ನ್‌ಫ್ಲೋರ್ ನೀರು ಹಾಕಿದ ಮೇಲೆ ಒಂದು ಕುದಿ ಬಂದರೆ ಇಳಿಸಿಬಿಡಬೇಕು. ಹುಳಿಯಲ್ಲಿ ಜಾಸ್ತಿ ಹೊತ್ತು ಕುದಿಸಿದರೆ ಪಿಷ್ಟದ ಸರಪಳಿ ತುಂಡಾಗಿ ಸಾಸ್ ಸಾರಿನ ಹಾಗೆ ನೀರಾಗುತ್ತದೆ.

ಮೊನ್ನೆ ಮೆಣಸಿನಕಾಯಿ ಬಾಣಲೆಗೆ ಬಿದ್ದು ಎರಡು ನಿಮಿಷ ಆಗಿರಲಿಲ್ಲ, ಪಕ್ಕದ ಮನೆಯ ಕಾಕು ಕೆಮ್ಮುತ್ತಾ ಬಾಗಿಲು ತಟ್ಟಿದರು. "ಕಾಯ್ ಜಳತಂಯ್ ಗ?" ಏನೇ ಉರೀತಿರೋದು ಅಂತ. ಬಂದು ನೋಡಿದರೆ ಏನೂ ಉರಿಯುತ್ತಿರಲಿಲ್ಲ. ಗ್ಯಾಸ್ ಕೂಡ ಸಣ್ಣಗಿತ್ತು.

ಕಾಕುವಿನ ಮೂಗು ಸುಳ್ಳು ಹೇಳಿರಲಿಲ್ಲ, ಮೋಸ ಹೋಗಿತ್ತು. ಕನ್ನಡದಲ್ಲಿ ನಮಗೆ ಖಾರ ಬೇರೆ, ಬಿಸಿ ಬೇರೆ. ಎರಡಕ್ಕೂ ಒಂದೇ ಪದ ಇಟ್ಟುಕೊಂಡ ಭಾಷೆಗಳೂ ಇವೆ, ನಾವು ಹಾಗಲ್ಲ. ಆದರೂ ಖಾರ ಜಾಸ್ತಿಯಾದರೆ ನಾವು ಹೇಳುವುದೇನು? ಬಾಯಿ ಉರೀತಿದೆ ಅಂತ. ನರಕ್ಕೆ ತಿಳಿದಿರುವುದೂ ಅಷ್ಟೇ. ನಾಲಿಗೆ, ಮೂಗು, ಕಣ್ಣು, ಚರ್ಮದ ನರತುದಿಗಳಲ್ಲಿ ಟಿಆರ್‌ಪಿವಿ1 ಅನ್ನುವ ಪುಟ್ಟ ಬಾಗಿಲಿದೆ. ಸುಮಾರು 43 ಡಿಗ್ರಿಗಿಂತ ಬಿಸಿಯಾದದ್ದು ತಾಗಿದರೆ ಅದು ತೆರೆದುಕೊಂಡು 'ಸುಟ್ಟಿತು' ಅಂತ ಮಿದುಳಿಗೆ ಸುದ್ದಿ ಕಳಿಸುತ್ತದೆ. ಮೆಣಸಿನಕಾಯಿಯ ಕ್ಯಾಪ್ಸೈಸಿನ್ ಇದೇ ಬಾಗಿಲಿಗೆ ಕಳ್ಳ ಬೀಗದಕೈ. ಬಿಸಿ ಇಲ್ಲದಿದ್ದರೂ ತೆರೆಯುತ್ತದೆ. ಅಮೆರಿಕದ ಡೇವಿಡ್ ಜೂಲಿಯಸ್ ತಂಡ 1997ರಲ್ಲಿ ಈ ಬಾಗಿಲನ್ನು ಗುರುತಿಸಿತು. 2021ರ ವೈದ್ಯಕೀಯ ನೊಬೆಲ್ ಅವರಿಗೂ, ಸ್ಪರ್ಶದ ಬಗ್ಗೆ ಕೆಲಸ ಮಾಡಿದ ಆರ್ಡೆಮ್ ಪಟಪುಟಿಯನ್ ಅವರಿಗೂ ಸಂದಿತು.

ಅಡುಗೆಗೆ ಬೇಕಾದ ಸಂಗತಿ ಇನ್ನೊಂದಿದೆ. ಎರಡು ಉರಿಗಳು ಕೂಡಿಕೊಳ್ಳುತ್ತವೆ. ಕ್ಯಾಪ್ಸೈಸಿನ್ ಇದ್ದಾಗ ಆ ಬಾಗಿಲು ಕಡಿಮೆ ಬಿಸಿಗೇ ತೆರೆಯುತ್ತದೆ. ಹುಳಿಯೂ ಅದಕ್ಕೆ ಜೊತೆ ಕೊಡುತ್ತದೆ. ಒಲೆಯಿಂದ ಇಳಿಸಿದ ಕೂಡಲೇ ನೆಕ್ಕಿ ನೋಡಿ, ಅಯ್ಯೋ ಖಾರ ಅಂತ ಮತ್ತೆರಡು ಚಮಚ ಸಕ್ಕರೆ ಸುರಿದರೆ, ಆರಿದ ಮೇಲೆ ಸಾಸ್ ಪಾಯಸವಾಗಿರುತ್ತದೆ. ಬೆಚ್ಚಗಾಗುವ ತನಕ ಕಾದು ರುಚಿ ನೋಡಿ. ತೀರಾ ಉರಿದರೆ ನೀರು ಕುಡಿಯಬೇಡಿ, ಕ್ಯಾಪ್ಸೈಸಿನ್ ನೀರಿಗೆ ಕರಗುವುದಿಲ್ಲ. ಕೊಬ್ಬಿಗೆ ಕರಗುತ್ತದೆ. ಹಾಲು, ಮೊಸರು ಆಗುತ್ತದೆ. ನಮ್ಮ ಮನೆಯಲ್ಲಿ ಸೋಲ್‌ಕಢಿ ಅನ್ನುವ ಕೋಕಂ ಪಾನೀಯ ಪಕ್ಕದಲ್ಲಿರುತ್ತದೆ, ಅದರಲ್ಲಿ ತೆಂಗಿನಹಾಲಿನ ಕೊಬ್ಬಿದೆ.

ತಮಾಷೆ ಏನೆಂದರೆ ಕೋಳಿಗೆ ಈ ಉರಿ ಗೊತ್ತೇ ಇಲ್ಲ. ಹಕ್ಕಿಗಳಲ್ಲೂ ಆ ಬಾಗಿಲಿದೆ, ಬಿಸಿಗೆ ತೆರೆಯುತ್ತದೆ ಕೂಡ. ಆದರೆ ಅದರ ರಚನೆ ಸ್ವಲ್ಪ ಬೇರೆ, ಕಳ್ಳ ಬೀಗದಕೈ ಕೂರುವುದಿಲ್ಲ. ಗಿಡಕ್ಕೆ ಬೇಕಾಗಿದ್ದೂ ಇದೇ. ಇಲಿಯಂಥವು ಬೀಜವನ್ನು ಹಲ್ಲಲ್ಲಿ ಅರೆದುಬಿಡುತ್ತವೆ. ಹಕ್ಕಿಗೆ ಹಲ್ಲಿಲ್ಲ, ಇಡಿಯಾಗಿ ನುಂಗಿ ದೂರ ಹೋಗಿ ಹಿಕ್ಕೆ ಹಾಕುತ್ತದೆ. ಥಾಯ್ ಜನ ತಮ್ಮ ಚೂಪು ಖಾರದ ಸಣ್ಣ ಮೆಣಸಿಗೆ 'ಪ್ರಿಕ್ ಖೀ ನೂ' ಅಂದರೆ ಇಲಿಹಿಕ್ಕೆ ಮೆಣಸು ಅಂತ ಹೆಸರಿಟ್ಟಿದ್ದಾರೆ. ಆಕಾರ ನೋಡಿ ಇಟ್ಟದ್ದು. ಇಲಿ ಮಾತ್ರ ಅದನ್ನು ಮೂಸಿಯೂ ನೋಡಲಿಕ್ಕಿಲ್ಲ.

ಹೆಸರಿನ ಮಾತು ಬಂತು, ಇದನ್ನೂ ಹೇಳಿಬಿಡುತ್ತೇನೆ. ಮೆಣಸಿನಕಾಯಿ ಅವರದೂ ಅಲ್ಲ, ನಮ್ಮದೂ ಅಲ್ಲ, ಅಮೆರಿಕದ್ದು. 1510ರಲ್ಲಿ ಗೋವಾ, 1511ರಲ್ಲಿ ಮಲಾಕ್ಕಾ ಹಿಡಿದ ಪೋರ್ಚುಗೀಸರ ಹಡಗುಗಳ ಕಾಲದಲ್ಲಿ ಎರಡೂ ಕಡೆ ಬಂದಿಳಿದದ್ದು. ಪಾವ್ ಅನ್ನುವ ಹೆಸರೂ ಅವರದೇ. ಆ ಮೊದಲು ಥಾಯ್ ಭಾಷೆಯಲ್ಲಿ 'ಪ್ರಿಕ್' ಅಂದರೆ ಕಾಳುಮೆಣಸು. ಹೊಸಬ ಬಂದು ಹೆಸರು ಹೊಡೆದುಕೊಂಡ, ಹಳಬನಿಗೆ 'ಪ್ರಿಕ್ ಥಾಯ್' ಅನ್ನಬೇಕಾಯಿತು. ಕನ್ನಡದಲ್ಲಿ ಆದದ್ದೂ ಹೀಗೇ. ಮೆಣಸು ಅನ್ನುವ ಹೆಸರು ಮೆಣಸಿನಕಾಯಿಗೆ ಹೋಯಿತು, ಕರಾವಳಿಯ ನಾವು ಹಳೆಯದನ್ನು 'ಒಳ್ಳೆಮೆಣಸು' ಅಂದೆವು. ಅವರದು ನಮ್ಮವನು ಅನ್ನುವ ಪ್ರೀತಿ. ನಮ್ಮದು ಇವನೇ ಒಳ್ಳೆಯವನು ಅನ್ನುವ ತೀರ್ಪು.

ಹೋದ ಭಾನುವಾರ ಅಕ್ಕ ಮತ್ತೆ ಬಂದಿದ್ದಳು. ನಾಲ್ಕು ಉಂಡೆ ತಿಂದಳು, ಏನೂ ಹೇಳಲಿಲ್ಲ. ಐದನೆಯದನ್ನು ಸಾಸ್‌ನಲ್ಲಿ ಪೂರ್ತಿ ಅದ್ದಿ ಕಚ್ಚಿ, ಕಣ್ಣಲ್ಲಿ ನೀರು ತುಂಬಿಕೊಂಡು ಸೋಲ್‌ಕಢಿ ಲೋಟಕ್ಕೆ ಕೈ ಚಾಚಿದಳು. ಉಳಿದ ಅರ್ಧ ಉಂಡೆ ಜಾರಿ ಕಿಟಕಿಯ ಕಟ್ಟೆಗೆ ಉರುಳಿತು. ಅಲ್ಲೇ ಗ್ರಿಲ್ ಮೇಲೆ ಕಾಯುತ್ತಿದ್ದ ಕಾಗೆ ಕೆಂಪು ಸಾಸ್ ಸಮೇತ ಅದನ್ನು ಎತ್ತಿ ನುಂಗಿತು, ಕೊಕ್ಕನ್ನು ಎರಡು ಸಲ ಕಂಬಿಗೆ ಉಜ್ಜಿತು, ಇನ್ನೊಂದು ಕೊಡು ಅನ್ನುವ ಹಾಗೆ ನಮ್ಮನ್ನೇ ನೋಡುತ್ತಾ ಕೂತಿತು.